ಮುದ್ದೆ ಅಗಿಯುವ ಹುಡುಗಿ

ಊಟವಾದ ಮೇಲೆ ನನ್ನ ಮಗಳು ಧನ್ಯಳ ದನಿ ಒದ್ದೆಯಾಗುತ್ತಿತ್ತು. ಗಂಟಲಲ್ಲಿ ನೀರು ನಿಂತ ಹಾಗೆ ಗೊರಗೊರ. ಎರಡು ವರ್ಷ ದಾಟಿದ್ದರೂ ಅನ್ನವನ್ನು ಕೆನ್ನೆಯಲ್ಲಿಟ್ಟುಕೊಂಡೇ ಕೂರುತ್ತಿದ್ದಳು. ಮಿಕ್ಸಿಗೆ ಹಾಕಿ ಅರೆದುಕೊಟ್ಟರೆ ಹೇಗೋ ಒಳಗೆ ಹೋಗುತ್ತಿತ್ತು. ಒಂದು ಅಗುಳು ಸಿಕ್ಕರೆ ಕೆಮ್ಮು. ಆಮೇಲೆ ಜ್ವರ.

ಊರಿನ ಡಾಕ್ಟರು ಪ್ರತಿ ಸಲ ಆಂಟಿಬಯೋಟಿಕ್ ಬರೆದುಕೊಟ್ಟರು. "ಒಂದೇ ಮಗು ಅಂತ ಮುದ್ದು ಜಾಸ್ತಿ ಆಗಿದೆಯಮ್ಮ. ಹಸಿವಾದ್ರೆ ತಾನೇ ತಿಂತಾಳೆ."

ತಿನ್ನಲಿಲ್ಲ.

ಮೈಸೂರಿನಲ್ಲಿ ಎಕ್ಸ್-ರೇ ನೋಡಿದವರು ನ್ಯುಮೋನಿಯಾ ಅಂದರು. ತಿಂದದ್ದು ಸ್ವಲ್ಪ ಸ್ವಲ್ಪವೇ ಶ್ವಾಸಕೋಶಕ್ಕೆ ಇಳಿಯುತ್ತಿತ್ತಂತೆ. ಸ್ಪೀಚ್ ಥೆರಪಿಸ್ಟ್ ಹತ್ತಿರ ಕಳಿಸಿದರು. ಅಗಿಯುವುದು, ನುಂಗುವುದನ್ನು ಕಲಿಸುವವರೂ ಅವರೇ ಎಂದು ನನಗೆ ಗೊತ್ತಾದದ್ದು ಅಲ್ಲಿ.

"ಊಟಾನ ಹಲ್ಲಿನ ಕಡೆಗೆ ತಳ್ಳೋದು ಇವಳ ನಾಲಿಗೆಗೆ ಗೊತ್ತಿಲ್ಲ. ಕಲಿಸ್ಬೇಕು," ಅಂದರು ಆಕೆ. "ನೆಟ್ಟಗೆ ಕೂರಿಸಿ. ಕಾಲಿಗೆ ಆಸರೆ ಕೊಡಿ. ಒಂದು ತುತ್ತು ನುಂಗಿದ್ದು ನೋಡಿ ಇನ್ನೊಂದು ಕೊಡಿ. ಅಂಟೋದು, ಉಂಡೆ ಕಟ್ಟೋದು ಈಗ ಬೇಡವೇ ಬೇಡ."

ಉಂಡೆ ಬೇಡ ಎಂದು ನಮ್ಮ ಮನೆಯಲ್ಲಿ ಹೇಳುವುದು ಹೇಗೆ?

ನನ್ನ ಗಂಡನ ಮನೆಯವರು ಹಾಸನದ ಕಡೆಯಿಂದ ಬಂದು ಕುಶಾಲನಗರದ ಹತ್ತಿರ ಜಮೀನು ಮಾಡಿದವರು. ರಾಗಿಮುದ್ದೆ ಇಲ್ಲದೆ ಊಟವಿಲ್ಲ. ಮುದ್ದೆ ಮುರಿದು, ಸಾರಿನಲ್ಲಿ ಅದ್ದಿ, ಹಲ್ಲಿಗೆ ತಾಗಿಸದೆ ನುಂಗಬೇಕು. ಅಗಿದವರು ಹೊರಗಿನವರು. ನಾನು ಹೊರಗಿನವಳೇ. ನನ್ನ ಅಮ್ಮ ಮಾದಾಪುರದ ಎಸ್ಟೇಟಿನ ಕೂಲಿಯವರ ಲೈನ್ ಮನೆಯಲ್ಲಿದ್ದುಕೊಂಡು, ಕಾಫಿ ಕುಯ್ದು ನನ್ನನ್ನು ಓದಿಸಿದವಳು. ನಮ್ಮ ಮನೆತನದ ಮೊದಲ ಡಿಗ್ರಿ ನನ್ನದು. ಯಾರೂ ದಾನ ಕೊಟ್ಟದ್ದಲ್ಲ. ಮದುವೆಯಾದ ಹೊಸತರಲ್ಲಿ ನಾನು ಮುದ್ದೆ ಅಗಿಯುವುದನ್ನು ನೋಡಿ ಅತ್ತೆ ನೆಂಟರನ್ನೆಲ್ಲ ನಗಿಸಿದ್ದರು. "ಬಿಎಸ್ಸಿ ಓದವ್ಳೆ, ಮುದ್ದೆ ನುಂಗಕ್ ಬರಲ್ಲ ನೋಡ್ರವ್ವ!"

ಥೆರಪಿಸ್ಟ್ ಹೇಳಿದ್ದನ್ನು ಅದೇ ಅತ್ತೆಗೆ ಹೇಳಿದೆ.

"ಅಗಿಯಕ್ ಬರ್ದಿದ್ರೆ ನುಂಗ್ಲಿ ಬಿಡು. ನಿನ್ ಗಂಡ ನುಂಗೇ ಬೆಳೆದಿಲ್ವ? ಹಲ್ಲಿಲ್ದೋರೂ ಮುದ್ದೆ ಉಣ್ತಾರೆ."

"ಬೇಡ ಅಂದ್ರೆ ಬೇಡ, ಅತ್ತೆ."

"ಆಯ್ತು ಕಣಮ್ಮ. ಓದಿರೋಳು ನೀನು."

ಒಂದು ಭಾನುವಾರ ಅಂಗಳದಲ್ಲಿ ಬಟ್ಟೆ ಹರವುತ್ತಿದ್ದೆ. ಒಳಗಿಂದ ಧನ್ಯಳ ಕೆಮ್ಮು ಕೇಳಿಸಿತು.

ಆಮೇಲೆ ಕೇಳಿಸಲಿಲ್ಲ.

ಓಡಿದೆ. ಮಗು ಅತ್ತೆಯ ತೊಡೆಯ ಮೇಲೆ ಅಂಗಾತ. ಬಾಯಿ ತೆರೆದಿದೆ, ದನಿಯಿಲ್ಲ. ತುಟಿ ನೀಲಿ. ಅತ್ತೆಯ ಬೆರಳಲ್ಲಿ ಸಾರು ಮೆತ್ತಿದ ಮುದ್ದೆ. ಮಗುವನ್ನು ಕಸಿದುಕೊಂಡೆ. ಬೋರಲು ಹಾಕಿ, ತಲೆ ತಗ್ಗಿಸಿ, ಬೆನ್ನಿಗೆ ಅಂಗೈಯಿಂದ ಗುದ್ದಿದೆ. ಮತ್ತೆ ಗುದ್ದಿದೆ. ಉಂಡೆ ನೆಲಕ್ಕೆ ಬಿತ್ತು. ಧನ್ಯ ಅತ್ತಳು. ನಾನು ಅಳಲಿಲ್ಲ.

"ಸಾಯಿಸ್ತಿದ್ರಲ್ಲ!"

"ತುಪ್ಪ ಸವರಿ ಸಣ್ಣದೇ ಮಾಡಿದ್ದೆ ಕಣೆ," ಅಂದರು ಅತ್ತೆ. ಬೆರಳಿನ ಮುದ್ದೆಯನ್ನು ಸೆರಗಿಗೆ ಒರೆಸಿಕೊಂಡರು. "ಈ ವಾರವೆಲ್ಲ ನುಂಗ್ತಿದ್ಲು..."

ನಾನು ಕೆಲಸಕ್ಕೆ ಹೋದಾಗಲೆಲ್ಲ ಈ ಪಾಠ ನಡೆದಿತ್ತು.

ಮತ್ತೆ ನ್ಯುಮೋನಿಯಾ. ಮತ್ತೆ ಅಡ್ಮಿಟ್. "ಹೀಗೇ ಆದ್ರೆ ಬಾಯಿಂದ ಕೊಡೋದನ್ನೇ ನಿಲ್ಲಿಸಿ, ಮೂಗಿಂದ ಟ್ಯೂಬ್ ಹಾಕ್ಬೇಕಾಗುತ್ತೆ," ಅಂದರು ಡಾಕ್ಟರು.

ವಾರ್ಡಿನ ಹೊರಗೆ ನನ್ನ ಗಂಡ ಮೆಲ್ಲಗೆ ಅಂದರು, "ಅಮ್ಮ ಬೇಕಂತ ಮಾಡಿದ್ದಲ್ಲ, ಸವಿತಾ."

"ಬೇಕಂತ ಮಾಡಿದ್ರೆ ಪೊಲೀಸರ ಹತ್ರ ಮಾತಾಡ್ತಿದ್ದೆ. ಮಾಡಿಲ್ಲ ಅಂತಲೇ ನಿಮ್ಮ ಹತ್ರ ಮಾತಾಡ್ತಿದ್ದೀನಿ. ಇನ್ಮೇಲೆ ಅವಳ ಬಾಯಿಗೆ ನನ್ನ ಕೈ ಬಿಟ್ರೆ ಬೇರೆ ಕೈ ಹೋಗ್ಬಾರ್ದು."

ಕೆಲಸಕ್ಕೆ ರಜೆ ಹಾಕಿದೆ. ಗೋಡೆಗೊರಗಿಸಿದ ಪುಟ್ಟ ಕುರ್ಚಿ, ಕಾಲ ಕೆಳಗೆ ಮಣೆ. ಬೆರಳಿನಷ್ಟು ಉದ್ದದ ಪರಂಗಿಹಣ್ಣಿನ ಹೋಳನ್ನು ಕೈಯಲ್ಲೇ ಹಿಡಿದು, ತುದಿಯನ್ನು ಮಾತ್ರ ಅವಳ ದವಡೆಯ ಹಲ್ಲುಗಳ ನಡುವೆ ಇಡುತ್ತಿದ್ದೆ. ಉಗಿಯುತ್ತಿದ್ದಳು. ಮತ್ತೆ ಇಡುತ್ತಿದ್ದೆ. ಎದುರು ಕೂತು ಬಾಯಿ ತೆರೆದು ಅಗಿದು ತೋರಿಸುತ್ತಿದ್ದೆ. "ಹಸ ಮೆಲುಕು ಹಾಕ್ದಂಗೆ," ಎಂದು ಅಡುಗೆಮನೆಯಿಂದ ಮಾತು ಬಂತು. ಬರಲಿ. ಹುಟ್ಟಿದ ಮಗುವಿಗೆ ತಿನ್ನಲು ತಾನಾಗಿ ಬರುತ್ತದೆ ಎಂದು ತಿನ್ನಬಲ್ಲವರೆಲ್ಲ ನಂಬಿರುತ್ತಾರೆ. ಬಾರದ ಮಗುವಿಗೆ ಹಠಮಾರಿ ಎಂದು ಹೆಸರಿಡುತ್ತಾರೆ, ತಾಯಿಗೆ ಕೈಲಾಗದವಳು ಎಂದು.

ಒಂದು ಮಧ್ಯಾಹ್ನ ಅವಳ ದವಡೆ ಪಕ್ಕಕ್ಕೆ ಸರಿಯಿತು. ಹೋಳಿನ ತುದಿ ತುಂಡಾಯಿತು. ಅಗಿದಳು. ನುಂಗಿದಳು. ಕೆಮ್ಮಲಿಲ್ಲ.

ಬೆಂದ ಕ್ಯಾರೆಟ್ ಬಂತು, ಮೆತ್ತನೆಯ ಅಕ್ಕಿರೊಟ್ಟಿಯ ಚೂರು ಬಂತು. ಎಷ್ಟೋ ತಿಂಗಳ ಮೇಲೆ ಥೆರಪಿಸ್ಟ್ ಚಿಟಿಕೆಯಷ್ಟು ಮುದ್ದೆಗೂ ಒಪ್ಪಿದರು. ಅಗಿದು ಮಾತ್ರ, ಅಂದರು.

ಮೊನ್ನೆ ನಾದಿನಿಯ ಮಗುವಿನ ನಾಮಕರಣ. ಪಂಕ್ತಿಯಲ್ಲಿ ಧನ್ಯ ನನಗೂ ಅತ್ತೆಗೂ ನಡುವೆ ಕೂತಿದ್ದಳು. ನಾನು ಮುರಿದುಕೊಟ್ಟ ಚೂರು ಮುದ್ದೆಯನ್ನು ಬಾಯಿಗಿಟ್ಟು ಅಗಿಯತೊಡಗಿದಳು.

"ಏನವ್ವಾ, ಮುದ್ದೆ ಅಗೀತಿದ್ದೀಯ? ಥೇಟ್ ನಿಮ್ಮಮ್ಮನೇ!" ಎದುರಿದ್ದ ಚಿಕ್ಕಮಾವ ಗಟ್ಟಿಯಾಗಿ ನಕ್ಕರು. ಪಂಕ್ತಿಯೂ ನಕ್ಕಿತು.

ಅತ್ತೆ ನಗಲಿಲ್ಲ. ಕೈ ತುತ್ತು ಹಿಡಿದು ನಿಂತಿತ್ತು, ಕಣ್ಣು ಮಗುವಿನ ಗಂಟಲ ಮೇಲಿತ್ತು. ನನ್ನ ಕಣ್ಣೂ ಅಲ್ಲೇ. ಅವರನ್ನು ನಾನಿನ್ನೂ ಕ್ಷಮಿಸಿಲ್ಲ. ಆದರೆ ಆ ಗಳಿಗೆಯಲ್ಲಿ ಆ ಪಂಕ್ತಿಯಲ್ಲಿ ಉಸಿರು ಹಿಡಿದಿದ್ದವರು ನಾವಿಬ್ಬರೇ.

ಗಂಟಲು ಏರಿತು. ಇಳಿಯಿತು.

"ಇನ್ನೂ ಬೇಕು," ಅಂದಳು ಧನ್ಯ.

ದನಿಯಲ್ಲಿ ನೀರಿರಲಿಲ್ಲ.