ಖಾಲಿ ಅಡುಗೆಮನೆಯ ಸದ್ದು

ದೆವ್ವ, ಶಕುನ, ಸತ್ತವರ ಕರೆ ಇವೆಲ್ಲ ಕೆಲಸವಿಲ್ಲದವರು ಜಗಲಿ ಮೇಲೆ ಕೂತು ಹೊಡೆಯುವ ಹರಟೆ ಎಂದುಕೊಂಡಿದ್ದವನು ನಾನು. ಈಗಲೂ ಆ ಹಟವನ್ನು ಪೂರ್ತಿ ಬಿಟ್ಟಿಲ್ಲ. ಆದರೆ ಇದೊಂದನ್ನು ಏನೆಂದು ಕರೆಯಲಿ, ನೀವೇ ಹೇಳಿ.

ನಮ್ಮದು ಗುಬ್ಬಿ. ಅಪ್ಪ ಕೊಬ್ಬರಿ ಮಂಡಿಯಲ್ಲಿ ಕಾಯಿ ಆರಿಸುತ್ತಿದ್ದರು. ಅಟ್ಟದಲ್ಲಿ ಒಣಗಿದ ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಎರಡು ಸಲ ಅಲ್ಲಾಡಿಸುವರು, ಸ್ವಲ್ಪ ತಡೆದು ಇನ್ನೊಂದು ಸಲ. ಒಳಗಿನ ಕೊಬ್ಬರಿ ಚಿಪ್ಪು ಬಿಟ್ಟಿದ್ದರೆ ಲೊಟಲೊಟ ಎನ್ನುತ್ತದೆ. ಹಾಗೆ ತಡೆದು ನೋಡುವುದು ಅಪ್ಪನೊಬ್ಬರದೇ ಅಭ್ಯಾಸ. ನಾನು ತುಮಕೂರಿನಲ್ಲಿ ವಿಡಿಯೊದವರ ಜೊತೆ ಸೇರಿ ಸೌಂಡ್ ರೆಕಾರ್ಡ್ ಮಾಡುವವನಾದೆ. ಕಿವಿ ಪಳಗಿಸಿದವರು ಅಪ್ಪನೇ.

ತೊಂಬತ್ತರ ದಶಕದ ಕೊನೆಯಲ್ಲಿ ಕುಣಿಗಲ್ಲಿನ ಗೆಳೆಯ ರಿಯಾಜ್ ಕರೆದ. ಅವನು ರಷ್ಯಾದಲ್ಲಿ ಓದಿ ಬಂದವನು. ಸೋವಿಯತ್ ಒಡೆದ ಮೇಲೆ ಅಲ್ಲಿನ ಜನ ದಿನ ಹೇಗೆ ದೂಡುತ್ತಿದ್ದಾರೆಂದು ಸಾಕ್ಷ್ಯಚಿತ್ರ ತೆಗೆಯುವ ಹುಚ್ಚು ಅವನಿಗೆ. ಅಪ್ಪ ಆಗ ಹಾಸಿಗೆ ಹಿಡಿದಿದ್ದರು, ಅಕ್ಕ ನೋಡಿಕೊಳ್ಳುತ್ತಿದ್ದಳು. ಹೋಗಬೇಡ ಎಂದರು. ಒಂದೇ ತಿಂಗಳು ತಾನೆ ಎಂದೆ. ಗೋಡೆ ಕಡೆ ಮುಖ ಮಾಡಿ ಮಲಗಿದವರು ನಾನು ಹೊರಡುವವರೆಗೂ ಈ ಕಡೆ ತಿರುಗಲಿಲ್ಲ.

ಅಲ್ಲಿ ಮುದುಕಿಯರು ಹಿಮದಲ್ಲಿ ನಿಂತು ತಮ್ಮ ಮನೆಯ ಚಮಚಗಳನ್ನೇ ಮಾರುತ್ತಿದ್ದರು. ಕೂದಲಿಗೆ ಬಣ್ಣ ಹಚ್ಚಿದ ಯುವಕರು ಹಳೇ ಕಟ್ಟಡಗಳ ಮೆಟ್ಟಿಲ ಮೇಲೆ ಗಿಟಾರ್ ಬಾರಿಸುತ್ತ ದಿನವೆಲ್ಲ ಕೂತಿರುತ್ತಿದ್ದರು. ಕೆಲಸವೂ ಇಲ್ಲ, ಕೇಳುವವರೂ ಇಲ್ಲ. ಅಂಥವನೊಬ್ಬನ ಅಡುಗೆಮನೆಯಲ್ಲಿ ಒಂದು ಮಧ್ಯಾಹ್ನ ಶೂಟಿಂಗ್ ಮುಗಿಸಿದೆವು. ನಮ್ಮ ಕಸುಬಿನಲ್ಲಿ ಒಂದು ಪದ್ಧತಿಯಿದೆ. ಕೊನೆಗೆ ಎಲ್ಲರನ್ನೂ ಹೊರಗೆ ಕಳಿಸಿ ಆ ಜಾಗದ ಮೌನವನ್ನೂ ಒಂದು ನಿಮಿಷ ರೆಕಾರ್ಡ್ ಮಾಡಿಕೊಳ್ಳುತ್ತೇವೆ, ಮಾತಿನ ಸಂದು ತುಂಬಲು. ಹೆಡ್‌ಫೋನ್ ಹಾಕಿಕೊಂಡು ನಿಂತೆ.

ಲೊಟಲೊಟ. ಲೊಟಲೊಟ. ಸ್ವಲ್ಪ ತಡೆದು, ಲೊಟಲೊಟ.

ಟೇಪನ್ನು ಹಿಂದಕ್ಕೆ ಸುತ್ತಿದೆ. ರಿಯಾಜನನ್ನು ಒಳಗೆ ಕರೆದು ಕೇಳಿಸಿದೆ. "ಹೀಟರ್ ಪೈಪ್ ಕಣೋ, ನೀರು ಬಡ್ಕೊಳ್ತೈತೆ. ಸುಮ್ನೆ ಬುಡು," ಎಂದ.

ಮರುದಿನ ಊರಿನಿಂದ ಫೋನ್ ಬಂತು, ಹಿಂದಿನ ಸಂಜೆ ಅಪ್ಪ ತೀರಿಕೊಂಡರೆಂದು. ಟಿಕೆಟ್ ಸಿಗದೆ ಎರಡು ವಾರ ಕಳೆದು ನಾನು ಗುಬ್ಬಿ ಸೇರುವಷ್ಟರಲ್ಲಿ ಅಪ್ಪನನ್ನು ಮಣ್ಣು ಮಾಡಿ, ತಿಥಿಯೂ ಮುಗಿದಿತ್ತು. ಅಕ್ಕ ನನ್ನ ಜೊತೆ ಮಾತು ಬಿಟ್ಟಳು. ಅಪ್ಪ ಕೊನೆಗೆ ನನ್ನನ್ನು ನೆನೆದರೋ, ಬೈದುಕೊಂಡೇ ಹೋದರೋ? ಕೊನೆಯಲ್ಲಿ ಹತ್ತಿರವಿದ್ದವಳು ಅವಳೊಬ್ಬಳೇ. ಎಷ್ಟು ಕೇಳಿದರೂ ಬಾಯಿ ಬಿಡಲಿಲ್ಲ. ಎರಡು ವರ್ಷ ಅನ್ನ ರುಚಿಸಲಿಲ್ಲ ನನಗೆ.

ಚಿತ್ರ ಮುಗಿದು ತುಮಕೂರಿನ ಸಣ್ಣ ಸಭಾಂಗಣವೊಂದರಲ್ಲಿ ತೋರಿಸಿದೆವು. ರಿಯಾಜ್ ತಾನೇ ಗುಬ್ಬಿಗೆ ಹೋಗಿ, ಕಾಡಿ ಬೇಡಿ ಅಕ್ಕನನ್ನು ಕರೆತಂದು ನನ್ನ ಪಕ್ಕ ಕೂರಿಸಿದ. ಆ ಸದ್ದಿನ ವಿಷಯ ನಾವಿಬ್ಬರೂ ಯಾರಿಗೂ ಹೇಳಿರಲಿಲ್ಲ. ಪರದೆಯ ಮೇಲೆ ಖಾಲಿ ಅಡುಗೆಮನೆ ಬಂತು. ಕಿಟಕಿ, ಕುರ್ಚಿ, ಹೊರಗೆ ಹಿಮ. ಅಕ್ಕ ನನ್ನ ಮಣಿಕಟ್ಟು ಹಿಡಿದಳು.

"ಯಾರ್ಲಾ ಅಲ್ಲಿ ಕಾಯಿ ಅಲ್ಲಾಡಿಸ್ತಿರೋದು? ಅಪ್ಪ ಕಣೋ ಅದು!"

ಹೊರಗೆ ಕರೆದುಕೊಂಡು ಹೋದೆ. ಮೆಟ್ಟಿಲ ಮೇಲೆ ಕೂತು ಅತ್ತಳು. "ಅಪ್ಪ ಹೋದ ದಿನ ಮಧ್ಯಾಹ್ನ ಅಟ್ಟದಿಂದ ಒಂದು ಕಾಯಿ ಇಳಿಸ್ಕೊಡು ಅಂದ್ರು. ಕೈ ಎತ್ತಕ್ಕೂ ಆಗ್ತಿರ್ಲಿಲ್ಲ, ಆದ್ರೂ ಅಲ್ಲಾಡಿಸಿ ನೋಡಿದ್ರು. 'ಚೆನ್ನಾಗೈತೆ, ಅವ್ನಿಗಿರ್ಲಿ, ಬಂದ್ಮೇಲೆ ಕೊಡು' ಅಂದ್ರು. ಸಿಟ್ಟಿಗೆ ನಾನೇ ನಿಂಗೆ ಹೇಳ್ಲಿಲ್ಲ. ಪಾಪಿ ನಾನು."

ರಿಯಾಜ್ ಇವತ್ತಿಗೂ ಪೈಪ್ ಎನ್ನುತ್ತಾನೆ. ಇದ್ದರೂ ಇರಬಹುದು. ಮತ್ತೆ ಕೇಳೋಣವೆಂದರೆ ಆ ಟೇಪೂ ಚಿತ್ರದ ಒಂದೇ ಒಂದು ಪ್ರತಿಯೂ ಬೂಷ್ಟು ಹಿಡಿದು ಹಾಳಾಗಿವೆ. ಕಾಯಿ ಮಾತ್ರ ನನ್ನ ಬೀರುವಿನಲ್ಲಿದೆ, ಒಡೆದಿಲ್ಲ. ಅಕ್ಕ ಕೊಟ್ಟ ದಿನ ಕಿವಿಯ ಹತ್ತಿರ ಹಿಡಿದು ಎರಡು ಸಲ ಅಲ್ಲಾಡಿಸಿದೆ. ಸ್ವಲ್ಪ ತಡೆದೆ. ಮೂರನೆಯ ಸಲಕ್ಕೆ ಕೈ ಬರಲಿಲ್ಲ. ಇನ್ನೂ ಬಂದಿಲ್ಲ.