ಮಿಷಿನ್ ತೊಂಬತ್ತೈದು ಎಂದಿತು

ಅಮೆರಿಕದ ಸೈಪ್ರೆಸ್ ಊರಿನ ನನ್ನ ಮನೆಯಲ್ಲಿ ಹದಿನಾಲ್ಕು ಮೆಟ್ಟಿಲು. ಏಳನೆಯದರಲ್ಲಿ ಕೂತುಬಿಟ್ಟೆ. ಉಸಿರು ಸಿಗಲಿಲ್ಲ. ಕೂಗಿದರೆ ಕೇಳುವವರಿಲ್ಲ, ಡಿವೋರ್ಸ್ ಆದ ಮೇಲೆ ಅದೇನೂ ಹೊಸದಲ್ಲ. ನಾನೇ ಆಂಬ್ಯುಲೆನ್ಸ್‌ಗೆ ಫೋನ್ ಮಾಡಿದೆ.

ನ್ಯುಮೋನಿಯಾ ಎಂದರು.

ವಾರ್ಡಿನ ಹೆಡ್ ನರ್ಸ್ ಮಿಸ್ ಲೊರೇನ್ ಅರವತ್ತು ದಾಟಿದ ಕಪ್ಪು ಹೆಂಗಸು. ಅವರು ಆಚೆ ಹೋದದ್ದೇ ತಡ, ಬಿ.ಪಿ. ನೋಡಲು ಬಂದವಳನ್ನು ಮೆಲ್ಲಗೆ ಕೇಳಿದೆ, "ಬೇರೆ ನರ್ಸ್ ಸಿಗ್ತಾರಾ? ಇವರ ಇಂಗ್ಲಿಷ್ ನಂಗೆ ಅರ್ಥ ಆಗಲ್ಲ."

ಸುಳ್ಳು. ಒಂದೊಂದು ಮಾತೂ ಅರ್ಥವಾಗಿತ್ತು. ಮೈಸೂರಿನಲ್ಲಿ 'ಕರಿ' ಅನ್ನಿಸಿಕೊಂಡು, ಮುಖಕ್ಕೆ ಕಡಲೆಹಿಟ್ಟು ಮೆತ್ತಿಸಿಕೊಂಡು ಬೆಳೆದವಳು ನಾನು. ನನಗೇ ಈ ಪೊಗರು.

"ಸಾರಿ, ಹಾಗೆ ಬದಲಾಯಿಸೋ ಹಾಗಿಲ್ಲ," ಎಂದಳು ಅವಳು.

ಮಾರನೆಯ ಮಧ್ಯಾಹ್ನ ಎದೆಯ ಮೇಲೆ ಯಾರೋ ಕೂತ ಹಾಗಾಯಿತು. ಬೆರಳಿನ ಆಕ್ಸಿಮೀಟರ್ ತೊಂಬತ್ತೈದು ತೋರಿಸುತ್ತಿತ್ತು. "ನಂಬರ್ ಚೆನ್ನಾಗಿದೆ, ಆತಂಕ ಅಷ್ಟೇ," ಎಂದರು ಡಾಕ್ಟರ್. ಲೊರೇನ್ ನನ್ನ ಕೆಳತುಟಿ ಮಡಚಿ ನೋಡಿದರು.

"ಒಳಗೆ ನೀಲಿಯಾಗಿದೆ. ಇಂಥ ಕಪ್ಪು ಚರ್ಮದ ಮೇಲೆ ಆ ಮಿಷಿನ್ ಇರೋದಕ್ಕಿಂತ ಹೆಚ್ಚು ತೋರಿಸುತ್ತೆ, ನಾನು ನಂಬಲ್ಲ. ರಕ್ತ ತೆಗೆದು ಟೆಸ್ಟ್ ಮಾಡಿಸಿ."

"ಅಗತ್ಯ ಇಲ್ಲ."

"ನೀವು ಆರ್ಡರ್ ಬರೆಯೋವರೆಗೂ ನಾನು ಕದಲಲ್ಲ."

ಬರೆದರು. ರಕ್ತದಲ್ಲಿ ಆಕ್ಸಿಜನ್ ಎಂಬತ್ತೆರಡು.

ಅರ್ಧ ಗಂಟೆಯಲ್ಲಿ ಐಸಿಯು.

ಅಲ್ಲಿದ್ದ ಆರು ದಿನವೂ ಪರಿಚಯದವರೆಲ್ಲ ವಾಟ್ಸ್ಆ್ಯಪ್‌ನಲ್ಲಿ ಕೈಮುಗಿದ ಚಿತ್ರ ಕಳಿಸಿದರು. ಬಾಗಿಲಲ್ಲಿ ನಿಂತು ಕೈಬೀಸಿ ಹೋಗುತ್ತಿದ್ದವರು ಲೊರೇನ್ ಒಬ್ಬರೇ, ಅದೂ ಡ್ಯೂಟಿ ಮುಗಿಸಿ ಮನೆಗೆ ಹೊರಟಾಗ. ಅವರಿಗಾಗಿ ಬಾಗಿಲು ನೋಡುತ್ತ ಮಲಗಿದ್ದಾಗ ನನ್ನ ಮೇಲೆ ನನಗೇ ಹೇಸಿಗೆಯಾಗುತ್ತಿತ್ತು.

ಡಿಸ್ಚಾರ್ಜ್ ದಿನ ಹೇಳಿಬಿಟ್ಟೆ. "ಮೊದಲ ದಿನ ನೀವು ಬೇಡ ಅಂದಿದ್ದೆ."

"ಗೊತ್ತು," ಎಂದರು, ಪೇಪರ್ ಜೋಡಿಸುತ್ತ. "ಇಲ್ಲಿ ಮೊದಲ ಕಪ್ಪು ಹೆಡ್ ನರ್ಸ್ ನಾನು. ಆಗ ದಿನಕ್ಕೊಬ್ಬರು ಹಾಗಂತಿದ್ರು, ಆಸ್ಪತ್ರೆಯವರು ಬದಲಾಯಿಸ್ತಾನೂ ಇದ್ರು. ವರ್ಷಗಟ್ಟಲೆ ಜಗಳ ಆಡಿ ಆ ಪದ್ಧತಿ ನಿಲ್ಲಿಸಿದೆ. ಅದಕ್ಕೇ ನಿನಗೆ ಬೇರೆ ನರ್ಸ್ ಸಿಗಲಿಲ್ಲ."

ಕ್ಷಮಿಸಿದೆ ಎಂದು ಅವರು ಹೇಳಲಿಲ್ಲ. ವೀಲ್‌ಚೇರನ್ನು ಲಿಫ್ಟಿನವರೆಗೆ ತಾವೇ ತಳ್ಳಿದರು.

ಈಗ ಹದಿನಾಲ್ಕೂ ಮೆಟ್ಟಿಲು ಹತ್ತುತ್ತೇನೆ, ಎರಡು ಕಡೆ ನಿಂತು. ಮನೆ ಮೊದಲಿನಷ್ಟೇ ಖಾಲಿ.

ಮೊನ್ನೆ ವಿಡಿಯೋ ಕಾಲ್‌ನಲ್ಲಿ ಅಮ್ಮ, "ಎಷ್ಟು ಕಪ್ಪಗಾಗಿದ್ದೀಯೇ!" ಎಂದಳು.

"ಹೌದಮ್ಮ, ಕಪ್ಪೇ," ಎಂದೆ. ಕೆಳತುಟಿ ಮಡಚಿ ಕ್ಯಾಮೆರಾದ ಹತ್ತಿರ ಹಿಡಿದೆ. "ಒಳಗೆ ಕೆಂಪಗಿದೆ, ನೋಡು."