ಒಡ್ಡಿನ ಮೇಲಿನ ಅಜ್ದಹಾ

ತಾವರಗೇರಾದ ಬಾಷಾಬಿಗೆ ಕಳೆ ತೆಗೆಯಲು ಬರುವುದಿಲ್ಲ ಎಂದಲ್ಲ. ಕುರ್ಪಿ ಹಿಡಿದರೆ ಇಬ್ಬರ ಕೆಲಸವನ್ನು ಒಬ್ಬಳೇ ಮುಗಿಸಿ, ಮೂರನೆಯವಳನ್ನು ಅಣಕಿಸುತ್ತ ನಿಲ್ಲುತ್ತಿದ್ದ ಹೆಂಗಸು. ಮೊಣಕಾಲು ಹಟಕ್ಕೆ ಬಿದ್ದ ಮೇಲೆ ಆಕೆ ಕುರ್ಪಿಯನ್ನು ಬದಿಗಿಟ್ಟು ಬಾಯಿಯನ್ನು ಕೆಲಸಕ್ಕೆ ಹಚ್ಚಿದಳು.

ದೇವೇಂದ್ರಪ್ಪನ ದಾಳಿಂಬೆ ತೋಟಕ್ಕೆ ಹೋಗುವ ಹೆಂಗಸರ ಗುಂಪಿನಲ್ಲಿ ಒಂದು ಕಟ್ಟಳೆಯಿದೆ. ಎಲ್ಲರೂ ಸಾಲಿಗೊಬ್ಬರಂತೆ ಕುಕ್ಕರಗಾಲಲ್ಲಿ ಕೂತು ಕಳೆ ತೆಗೆಯುವಾಗ ಒಬ್ಬಳು ಮಾತ್ರ ಒಡ್ಡಿನ ಮೇಲೆ, ಬೇವಿನ ನೆರಳಿಗೆ ಕೂತು ಕಥೆ ಹೇಳುತ್ತಾಳೆ. ಅವಳ ಪಾಲಿನ ಸಾಲನ್ನು ಉಳಿದವರು ಹಂಚಿಕೊಂಡು ತೆಗೆಯುತ್ತಾರೆ. ದೇವೇಂದ್ರಪ್ಪನಿಗೂ ಇದರಲ್ಲಿ ತಕರಾರಿಲ್ಲ. ಕಥೆ ನಡೆದಷ್ಟು ಹೊತ್ತು ಕೈ ನಿಲ್ಲುವುದಿಲ್ಲ, ನೀರಿನ ನೆಪ ಹೇಳಿ ಯಾರೂ ಏಳುವುದಿಲ್ಲ. ಆದರೆ ಒಡ್ಡು ಹತ್ತಿದವಳಿಗೂ ಒಂದು ಕರಾರುಂಟು. ಯಾರು ಏನು ಕೇಳಿದರೂ ಉತ್ತರ ಕೊಡಬೇಕು. 'ಗೊತ್ತಿಲ್ಲ' ಎಂದರೆ, ಇಲ್ಲವೇ ಕೊಟ್ಟ ಉತ್ತರ ಎಲ್ಲರ ಮುಂದೆ ಮುಗ್ಗರಿಸಿ ಬಿದ್ದರೆ, ಇಳಿದು ಕುರ್ಪಿ ಹಿಡಿಯಬೇಕು. ಕೇಳಿದವಳು ಒಡ್ಡು ಹತ್ತಬೇಕು. ತೀರ್ಪು ಹೇಳುವವಳು ಗುಂಪಿನ ಯಜಮಾನತಿ ಕಳಕಮ್ಮ.

ವರ್ಷಗಟ್ಟಲೆ ಬಾಷಾಬಿಯನ್ನು ಇಳಿಸಿದವರಿರಲಿಲ್ಲ. ಇಳಿದರೆ ಅವಳ ಗತಿಯೇನು ಎಂಬುದು ಎಲ್ಲರಿಗೂ ತಿಳಿದಿತ್ತು. ಕುಷ್ಟಗಿಯ ಡಾಕ್ಟರು ಕುಕ್ಕರಗಾಲಲ್ಲಿ ಕೂಡಲೇಬೇಡ ಎಂದಿದ್ದರು. ಒಡ್ಡು ಹೋದರೆ ಆಕೆಗೆ ತೋಟ ಹೋಯಿತು. ತೋಟ ಹೋದರೆ ಮನೆಯಲ್ಲಿ ಕೂತು ಗಂಡ ಜಿಲಾನಿ ಛತ್ರಿ ರಿಪೇರಿ ಮಾಡುವುದನ್ನು ದಿನವಿಡೀ ನೋಡಬೇಕು. ಕಥೆಯೊಳಗೆ ಕಥೆ ಹೆಣೆಯುವ ಹೆಂಗಸಿಗೆ ಅದಕ್ಕಿಂತ ದೊಡ್ಡ ಜೈಲು ಯಾವುದು?

ಬಾಷಾಬಿಯ ಕಥೆಗಳಲ್ಲೆಲ್ಲ ಹೆಸರಾದದ್ದು ಅಜ್ದಹಾದ ಕಥೆ. ಅಜ್ದಹಾ ಅಂದರೆ ರೆಕ್ಕೆ ಇರುವ, ಬೆಂಕಿ ಉಗುಳುವ ಮಹಾಸರ್ಪ. ಅವಳ ತವರು ಹುಲಿಹೈದರದ ಗುಡ್ಡದ ಮೇಲೆ ಅದು ಇತ್ತಂತೆ, ಅಜ್ಜಿಯ ಅಜ್ಜಿ ಕಣ್ಣಾರೆ ನೋಡಿದ್ದಳಂತೆ. ರೆಕ್ಕೆ ಬಿಚ್ಚಿದರೆ ಮದುವೆಯ ಶಾಮಿಯಾನದಷ್ಟು ನೆರಳು. ಬಿಸಿಲುಗಾಲದಲ್ಲಿ ಊರವರು ಹಪ್ಪಳ ಲಟ್ಟಿಸಿ ಗುಡ್ಡದ ಬುಡದಲ್ಲಿ ಹಾಸಿದರೆ ಒಂದು ಉಸಿರಿಗೆ ಎಲ್ಲ ಸುಟ್ಟು ತಯಾರು. ಹಪ್ಪಳದ ಮಾತು ಅಜ್ಜಿಯದಲ್ಲ, ಬಾಷಾಬಿಯದೇ ಸೇರ್ಪಡೆ. ಮಧ್ಯಾಹ್ನದ ಊಟಕ್ಕೆ ಸ್ವಲ್ಪ ಮೊದಲು ಅದನ್ನು ಹೇಳಿದರೆ ಹೆಂಗಸರ ಕೈ ಜೋರಾಗುತ್ತದೆ ಎಂದು ಆಕೆ ಕಂಡುಕೊಂಡಿದ್ದಳು.

ಆ ವರ್ಷ ಕಳಕಮ್ಮನ ಮಗಳು ಅಮೃತಾ ಕಾಲೇಜಿನ ರಜೆಗೆ ಬಂದವಳು ತಾಯಿಯ ಜೊತೆ ತೋಟಕ್ಕೂ ಬಂದಳು. ವಿಜ್ಞಾನ ಓದುವ ಹುಡುಗಿ, ಆದರೆ ಕುರ್ಪಿ ಮರೆತಿರಲಿಲ್ಲ. ಬಾಷಾಬಿಯನ್ನು ಖಾಲಾ, ಅಂದರೆ ಚಿಕ್ಕಮ್ಮ, ಎಂದು ಕರೆಯುತ್ತ ಅಜ್ದಹಾದ ಕಥೆಯನ್ನು ಸಣ್ಣವಳಿದ್ದಾಗಿನಿಂದ ಕೇಳಿದವಳೇ. ಈ ಸಲ ಮಾತ್ರ ಹಪ್ಪಳದ ಹಂತಕ್ಕೆ ಬಂದಾಗ ತಲೆ ಎತ್ತಿ ನಕ್ಕಳು.

"ಖಾಲಾ, ಅಷ್ಟು ದೊಡ್ಡ ಪ್ರಾಣಿ ಸತ್ತ ಮ್ಯಾಲೆ ಅದರ ಎಲುಬು ಎಲ್ಲಿ ಹೋದುವು?"

ಬಾಷಾಬಿ ಅವತ್ತು ಸುಮ್ಮನೆ 'ಹದ್ದು ತಿಂದುವು' ಎಂದಿದ್ದರೆ ಮುಗಿಯುತ್ತಿತ್ತು. ಆದರೆ ತಾನು ಎತ್ತಿ ಆಡಿಸಿದ ಹುಡುಗಿ ನಕ್ಕದ್ದು ನಾಟಿತು. ನಾಲಿಗೆ ಅವಳನ್ನು ಕೇಳದೆ ಓಡಿತು.

"ಎಲ್ಲಿ ಹೋಗ್ತಾವ? ಇದ ಮಣ್ಣಾಗ ಅದಾವು. ಹಾರ್ಕೊಂತ ಇಲ್ಲೇ ಬಂದು ಬಿದ್ದು ಸತ್ತೈತಿ ಅದು. ಅಗದವರಿಗೆ ಸಿಗ್ತಾವ."

ಎಲ್ಲರೂ ತಮ್ಮ ಕಾಲ ಬುಡದ ಮಣ್ಣು ನೋಡಿಕೊಂಡರು. ಹಾಗಾದರೆ ನಾಳೆ ಸಿಕ್ಕೇ ಸಿಗಬೇಕು, ಇಡೀ ತೋಟ ಕೆದಕುತ್ತೇವಲ್ಲ ಎಂದಳು ಕಳಕಮ್ಮ. ತೀರ್ಪು ಮರುದಿನಕ್ಕೆ ಹೋಯಿತು.

ಸಂಜೆ ಎಲ್ಲರೂ ಹೋಗುವ ಟಂಟಂ ಆಟೋ ಹತ್ತದೆ ಬಾಷಾಬಿ ಹಿಂದೆ ಉಳಿದಳು. ತೋಟದಾಚೆಯ ಹಳ್ಳದಲ್ಲಿ ಮಳೆನೀರು ಮಣ್ಣು ಕೊಚ್ಚಿದಲ್ಲಿ ಏನೇನೋ ಬೆಳ್ಳಗೆ ಕಾಣುವುದು ಅವಳಿಗೆ ಗೊತ್ತಿತ್ತು. ಸುಮಾರು ಮೊಳದುದ್ದದ ಒಂದು ಎಲುಬು ಸಿಕ್ಕಿತು, ನಡುವೆ ಗಂಟುಗಂಟಾಗಿ ವಕ್ರವಾದದ್ದು. ಇಷ್ಟು ವಕ್ರವಾದದ್ದು ಲೋಕದ ಯಾವ ಪ್ರಾಣಿಯದೂ ಇರಲಾರದು ಎಂದು ಆಕೆಗೆ ಬಹಳ ಖುಷಿಯಾಯಿತು. ಸೆರಗಿನಲ್ಲಿ ಸುತ್ತಿ ಮನೆಗೆ ತಂದಳು. ಬೆಳ್ಳಗಿದ್ದರೆ ಹಳೆಯದೆಂದು ಯಾರು ನಂಬುತ್ತಾರೆ? ದೊಡ್ಡ ಪಾತ್ರೆಯಲ್ಲಿ ಮನೆಯ ಏಲಕ್ಕಿ ಚಹಾಪುಡಿ ಕುದಿಸಿ ಅದರಲ್ಲಿ ಅದ್ದಿ ಇಟ್ಟಳು. ಜಿಲಾನಿ ಬಂದು ಮುಚ್ಚಳ ತೆಗೆದು ನೋಡಿದ, ಮುಚ್ಚಿದ, ಇವತ್ತು ತನಗೆ ಚಹಾ ಬೇಡ ಎಂದು ಮೆಲ್ಲಗೆ ಹೊರಗೆ ಹೋದ.

ಮರುದಿನ ಎಲ್ಲರಿಗಿಂತ ಮೊದಲು ಹೋಗಿ ಅದನ್ನು ತೋಟದ ಸಾಲಿನಲ್ಲಿ ಹೂತಿಟ್ಟು, ಬಾಷಾಬಿ ಒಡ್ಡಿನ ಮೇಲೆ ಏನೂ ಅರಿಯದವಳಂತೆ ಕೂತಳು. ಕಥೆಯ ಅಜ್ದಹಾ ಗುಡ್ಡ ಬಿಟ್ಟು ಹಾರುವ ಹೊತ್ತಿಗೆ ಸರಿಯಾಗಿ ಒಬ್ಬಳ ಕುರ್ಪಿ ಟಣ್ಣೆಂದಿತು. ಹೆಂಗಸರೆಲ್ಲ ಮುತ್ತಿದರು. ಒಬ್ಬಳು ಕೈಮುಗಿದಳು, ಇನ್ನೊಬ್ಬಳು ಕುಂಕುಮಕ್ಕೆ ಕಳಿಸೋಣವೇ ಎಂದಳು. ಅದು ರೆಕ್ಕೆಯ ಎಲುಬು ಎಂದು ಬಾಷಾಬಿ ಮೇಲಿನಿಂದಲೇ ಸಾರಿದಳು. ಅಮೃತಾ ಅದನ್ನು ಎತ್ತಿ ತೂಗಿ ನೋಡಿದಳು. ಹಾರುವವುಗಳ ಎಲುಬು ಪಪ್ಪಾಯಿ ಎಲೆಯ ದಂಟಿನಂತೆ ಒಳಗೆ ಪೊಳ್ಳಾಗಿ ಹಗುರ ಇರುತ್ತದೆ ಎಂದು ಅವಳಿಗೆ ಗೊತ್ತಿತ್ತು; ಇದು ಒನಕೆಯ ತುಂಡಿನಂತಿತ್ತು. ಮೂಗಿಗೆ ಏಲಕ್ಕಿಯ ವಾಸನೆಯೂ ಬಂತು. ತುಟಿ ಕಚ್ಚಿಕೊಂಡು ಖಾಲಾಳ ಮುಖ ನೋಡಿದಳೇ ಹೊರತು ಏನೂ ಹೇಳಲಿಲ್ಲ.

ಹೇಳಿದವನು ದೇವೇಂದ್ರಪ್ಪ. ಗದ್ದಲ ಕೇಳಿ ಬಂದವನು ಎಲುಬಿನ ನಡುವಿನ ಗಂಟು ಸವರಿದ. ಹಾಗೇ ಸಾಲಿನ ನಡುವೆ ಕುಸಿದು ಕೂತ.

"ಇದು ನಮ್ಮ ಗಂಗಿ."

ಗಂಗಿ ಅವನ ಎಮ್ಮೆ. ಕೃಷಿ ಹೊಂಡದಲ್ಲಿ ಜಾರಿ ಬಿದ್ದು ಕಾಲು ಮುರಿದುಕೊಂಡಿತ್ತು, ನಾಟಿ ವೈದ್ಯ ಬಿದಿರುಕಟ್ಟು ಕಟ್ಟಿದ್ದ, ಎಲುಬು ಕೂಡಿತ್ತು ಆದರೆ ವಕ್ರವಾಗಿ. ಆಮೇಲೂ ಎಷ್ಟೋ ವರ್ಷ ಕುಂಟುತ್ತಲೇ ಹಾಲು ಕೊಟ್ಟಿತ್ತು. ಸತ್ತಾಗ ಹಳ್ಳದ ಬದಿಗೆ ಅವನೇ ಗುಂಡಿ ತೋಡಿಸಿದ್ದ. ಟವೆಲಿನಿಂದ ಕಣ್ಣೊರೆಸಿಕೊಂಡ, ಎಲುಬನ್ನು ಮೂಗಿನ ಹತ್ತಿರ ತಂದ, ಮತ್ತೆ ತಂದ.

"ಆದ್ರ ಬಾಷಾಬಿ, ನಮ್ಮ ಗಂಗಿ ಎಂದೂ ಚಹಾ ಕುಡೀತಿದ್ದಿಲ್ಲ."

ಆ ನಗು ತಾವರಗೇರಾದ ಬಸ್‌ಸ್ಟ್ಯಾಂಡಿನವರೆಗೂ ಕೇಳಿರಬೇಕು. ನಕ್ಕವರೆಲ್ಲ ಆಮೇಲೆ ಕಳಕಮ್ಮನ ಕಡೆ ನೋಡಿದರು. ಕಳಕಮ್ಮ ಗೆಳತಿಯ ಮುಖ ನೋಡಲಾರದೆ ದಾಳಿಂಬೆ ಗಿಡವೊಂದಕ್ಕೆ ತೀರ್ಪು ಹೇಳಿದಳು. ಬಾಷಾಬಿ ಸೆರಗು ಸಿಕ್ಕಿಸಿಕೊಂಡು ಇಳಿದಳು. ಕುಕ್ಕರಗಾಲಲ್ಲಿ ಕೂತಾಗ ಎರಡೂ ಮೊಣಕಾಲು ಕಟಕಟ ಎಂದದ್ದು ಎಲ್ಲರಿಗೂ ಕೇಳಿತು.

ಅಮೃತಾ ಹತ್ತಿದಳು, ಮನಸ್ಸಿಲ್ಲದೆಯೇ. ಆದರೆ ಬಾಯಿ ಬಿಟ್ಟರೆ ಹುಡುಗಿ ಕಡಿಮೆಯವಳಲ್ಲ. ಖಾಲಾ ಹೇಳಿದಂಥದ್ದು ಪೂರ್ತಿ ಸುಳ್ಳೂ ಅಲ್ಲ ಎಂದೇ ಶುರು ಮಾಡಿದಳು. ಮನುಷ್ಯ ಹುಟ್ಟುವುದಕ್ಕೂ ಕೋಟಿಗಟ್ಟಲೆ ವರ್ಷ ಮೊದಲು ಆಕಾಶದಲ್ಲಿ ಟೆರೋಸಾರ್ ಎಂಬುವು ಹಾರುತ್ತಿದ್ದವು. ಹಕ್ಕಿಯಲ್ಲ, ಬಾವಲಿಯಲ್ಲ, ಹಾರುವ ಸರೀಸೃಪ. ಜಿಲಾನಿ ರಿಪೇರಿ ಮಾಡಿಕೊಟ್ಟ ಛತ್ರಿಯನ್ನೇ ಬಿಚ್ಚಿ ತೋರಿಸಿದಳು: ಇದರಲ್ಲಿ ಕಡ್ಡಿ ಬಹಳ, ಅದರ ರೆಕ್ಕೆಗೆ ಕಡ್ಡಿ ಒಂದೇ. ಕೈಯ ಒಂದು ಬೆರಳೇ ಮಾರುಗಟ್ಟಲೆ ಬೆಳೆದು ರೆಕ್ಕೆಯ ಚರ್ಮವನ್ನು ಬಿಗಿದು ಹಿಡಿಯುತ್ತಿತ್ತು, ಎಲುಬು ಒಳಗೆ ಪೊಳ್ಳಾಗಿ ಹಗುರ ಇತ್ತು. ಎಲ್ಲಕ್ಕಿಂತ ದೊಡ್ಡವು ನೆಲಕ್ಕಿಳಿದು ರೆಕ್ಕೆ ಮಡಚಿ ನಾಲ್ಕು ಕಾಲ ಮೇಲೆ ನಿಂತರೆ ಜಿರಾಫೆಯಷ್ಟು ಎತ್ತರ. ಇಂಥ ಹಳೆಯ ಎಲುಬುಗಳು ಮಣ್ಣಲ್ಲಿ ಸಿಕ್ಕಾಗ, ಇದೇನೆಂದು ತಿಳಿಯದ ಹಿಂದಿನವರು ಬೆಂಕಿ ಉಗುಳುವ ಸರ್ಪದ ಕಥೆ ಕಟ್ಟಿರಬಹುದೆಂದು ಕೆಲವರ ಊಹೆ.

ಬಾಷಾಬಿ ಎಷ್ಟೋ ವರ್ಷದ ಮೇಲೆ ಇನ್ನೊಬ್ಬರ ಕಥೆ ಕೇಳುತ್ತಿದ್ದಳು. ಮೊದಮೊದಲು ಸಿಟ್ಟಿನಿಂದ ಮಣ್ಣು ಕೆದಕಿದಳು. ಬೆರಳಿನ ಮಾತು ಬಂದಾಗ ಕುರ್ಪಿ ಬಿಟ್ಟು ತನ್ನ ಬೆರಳು ನೋಡಿಕೊಂಡಳು. ಜಿರಾಫೆಯ ಮಾತಿಗೆ ಬೇವಿನ ಮರದ ತುದಿ ನೋಡಿದಳು. ಅದು ಅವಳಿಗೆ ಕಣ್ಣಿಗೆ ಕಟ್ಟತೊಡಗಿತು, ಆದರೆ ಪೂರ್ತಿ ಕಟ್ಟಲಿಲ್ಲ; ಬೂದುಬೂದಾಗಿ ನಿಂತಿತು. ಅದನ್ನು ಸಹಿಸದೆ, ಗೆಲ್ಲುವ ಉಪಾಯವೆಂದಲ್ಲ, ನಿಜವಾಗಿ ಬೇಕೆಂದೇ ಕೇಳಿದಳು.

"ಅಮೃತಾ, ಅದರ ಬಣ್ಣ ಯಾವುದಿತ್ತು?"

ಅಮೃತಾ ಬಾಯಿ ತೆರೆದಳು. ಕೆಂಪು ಎಂದಿದ್ದರೂ ನಡೆಯುತ್ತಿತ್ತು, ಅಲ್ಲಗಳೆಯುವವರು ಅಲ್ಲಿ ಯಾರಿದ್ದರು? ಹುಡುಗಿ ಛತ್ರಿ ಮಡಚಿದಳು.

"ಗೊತ್ತಿಲ್ಲ ಖಾಲಾ. ಆ ದೊಡ್ಡವುಗಳ ಬಣ್ಣ ಯಾರಿಗೂ ಗೊತ್ತಿಲ್ಲ. ಎಲುಬು ಸಿಕ್ಕಾವು, ಬಣ್ಣ ಸಿಕ್ಕಿಲ್ಲ."

ಕಳಕಮ್ಮ, ಈ ಸಲ ಗಿಡಕ್ಕಲ್ಲ, ಮಗಳಿಗೇ ನೇರವಾಗಿ ಹೇಳಿದಳು: "ಇಳಿಯವ್ವಾ."

ಇಳಿದು ಬಂದ ಅಮೃತಾಳ ಕೈಗೆ ಕುರ್ಪಿ ಕೊಡುತ್ತ ಬಾಷಾಬಿ ಬೈದಳು. ಏನಾದರೂ ಒಂದು ಹೇಳಬಾರದಿತ್ತೇ, ಇಷ್ಟು ಓದಿ ಒಂದು ಬಣ್ಣ ಹೇಳಲು ಬರಲಿಲ್ಲವೇ ಎಂದಳು. ಹೇಳಿದರೆ ಸುಳ್ಳಾಗುತ್ತಿತ್ತು ಎಂದಳು ಅಮೃತಾ. ಬಾಷಾಬಿ, ಹೆಗಲು ಹಿಡಿದು ಏಳಿಸು ಎಂದಷ್ಟೇ ಕೇಳಿದಳು. ಅಮೃತಾ ಏಳಿಸಿ, ಒಡ್ಡಿನವರೆಗೂ ನಡೆಸಿ, ಕೂಡಿಸಿ ಬಂದು, ಖಾಲಾಳ ಪಾಲಿನ ಸಾಲನ್ನು ತಾನೇ ಹಿಡಿದಳು.

ಬಾಷಾಬಿ ಹೊಸ ಕಥೆ ತೆಗೆದಳು. ಅಜ್ದಹಾಕ್ಕೆ ಈಗ ಒಂದು ಬೆರಳಿನ ರೆಕ್ಕೆ ಬಂದಿತ್ತು, ಪೊಳ್ಳು ಎಲುಬು ಬಂದಿತ್ತು. ಬೆನ್ನು ಬಿಸಿಲಿಗೆ ಒಡೆದ ದಾಳಿಂಬೆಯ ಬಣ್ಣ, ಹೊಟ್ಟೆ ಮಾತ್ರ ಮಾಗಿದ ಜೋಳದ ತೆನೆ. ಅದು ದೇವೇಂದ್ರಪ್ಪನ ತೋಟದ ಮೇಲೆ ಸುತ್ತು ಹಾಕಿತು, ಕೃಷಿ ಹೊಂಡದಲ್ಲಿ ಜಾರಿ ಬಿದ್ದು ಏಳಲಾರದ ಎಮ್ಮೆಯೊಂದನ್ನು ಕಂಡಿತು, ಉಗುರು ತಾಗದ ಹಾಗೆ ಎತ್ತಿಕೊಂಡು ಹುಲಿಹೈದರದ ಗುಡ್ಡದ ಕಡೆ ಹಾರಿತು.

ಮನೆಗೆ ಹೊರಟಿದ್ದ ದೇವೇಂದ್ರಪ್ಪ ಕಂಕುಳಲ್ಲಿ ಎಲುಬು ಇಟ್ಟುಕೊಂಡೇ ನಿಂತುಬಿಟ್ಟ.

"ವಾಪಸ್ ತಂದು ಬಿಡ್ತದಿಲ್ಲೋ?"

ಕುರ್ಪಿಗಳೆಲ್ಲ ಒಮ್ಮೆ ನಿಂತವು. ಬಾಷಾಬಿ ಕಾಲು ಚಾಚಿಕೊಂಡು, ಬೇವಿನ ಬುಡಕ್ಕೆ ಒರಗಿದಳು.

"ಬಿಡ್ತದ್ರಿ ಸಾವ್ಕಾರ್ರ. ಆದ್ರ ಭಾಳ ದೂರ ಬಂದಾಳ ಅಂತ, ಮೊದಲ ಒಂದು ಕಪ್ ಚಹಾ ಕುಡಿಸಿ ಕಳಿಸ್ತದ."